ಹೊನ್ನಶೂಲ

ಆ ಮುಖಪುಟದ ಮಾತನ್ನು ಮೊದಲು ಮುಗಿಸಿಬಿಡೋಣ. ಇಪ್ಪತ್ತು ವರ್ಷ ದಾಟಿದರೂ ಈ ಆಲ್ಬಂನ ಹೆಸರೆತ್ತಿದ ಕೂಡಲೇ ಎಲ್ಲರೂ ಕೇಳುವುದು ಅದನ್ನೇ. ನ್ಯೂಯಾರ್ಕಿನ ಅವಳಿ ಗೋಪುರಗಳು ಬೆಂಕಿಯುಗುಳುತ್ತ ಸಿಡಿಯುತ್ತಿವೆ. ಅವುಗಳ ಮುಂದೆ ಇಬ್ಬರು ನಿಂತಿದ್ದಾರೆ, ಇಬ್ಬರೂ ಕಪ್ಪು ಜನ. ಹೆಣ್ಣಿನ ಕೈಯಲ್ಲಿ ವಾದ್ಯವೃಂದ ನಡೆಸುವವರ ಕೋಲುಗಳಿವೆ. ಗಂಡಿನ ಕೈಯಲ್ಲಿ ಗಿಟಾರಿನ ಶ್ರುತಿ ನೋಡುವ ಪುಟ್ಟ ಯಂತ್ರ, ಅದರ ಗುಂಡಿಯ ಮೇಲೆ ಬೆರಳು. ಫೋಟೊ ತೆಗೆದದ್ದು 2001ರ ಮೇ ತಿಂಗಳಲ್ಲಿ, ಮುಖಪುಟ ಸಿದ್ಧವಾದದ್ದು ಜೂನ್‌ನಲ್ಲಿ. ಸೆಪ್ಟೆಂಬರ್ 11ರಂದು ಆ ಗೋಪುರಗಳು ನಿಜವಾಗಿಯೂ ಉರುಳಿದವು. ಆಲ್ಬಂ ಅಂಗಡಿಗೆ ಬರುವ ದಿನ ಹತ್ತಿರವಾಗಿತ್ತು. ಗಾಬರಿಬಿದ್ದ ಕಂಪನಿ ಚಿತ್ರವನ್ನು ಹಿಂದಕ್ಕೆ ತೆಗೆದುಕೊಂಡಿತು, ಬೆಂಕಿ ಹೊತ್ತಿದ ಮದ್ಯದ ಲೋಟ ಹಿಡಿದ ಕೈಯೊಂದನ್ನು ಅದರ ಜಾಗದಲ್ಲಿ ಕೂರಿಸಿ ನವೆಂಬರ್‌ನಲ್ಲಿ ಆಲ್ಬಂ ಹೊರತಂದಿತು. ಕಾಗೆ ಕೂರುವುದಕ್ಕೂ ಕೊಂಬೆ ಮುರಿಯುವುದಕ್ಕೂ ಸರಿಹೋಯಿತು, ಇಷ್ಟೇ ಕತೆ. ಸಂಗೀತದ ಬಲದಿಂದ ಬಂಡವಾಳಶಾಹಿಯನ್ನು ಕೆಡಹುವ ರೂಪಕ ಅದು ಎಂದು ಹಾಡುಗಾರ ಹೇಳಿದ. ಕೇಳಿಸಿಕೊಳ್ಳುವ ವ್ಯವಧಾನ ಯಾರಿಗೂ ಇರಲಿಲ್ಲ.

ಆಲ್ಬಂನ ಹೆಸರು ‘ಪಾರ್ಟಿ ಮ್ಯೂಸಿಕ್’. ತಂಡದ ಹೆಸರು ‘ದ ಕೂ’. ಊರು ಕ್ಯಾಲಿಫೋರ್ನಿಯಾದ ಓಕ್ಲೆಂಡ್. ಬರೆದು ಹಾಡಿದವನು ಬೂಟ್ಸ್ ರೈಲಿ, ತನ್ನನ್ನು ಕಮ್ಯುನಿಸ್ಟ್ ಎಂದು ಅಳುಕಿಲ್ಲದೆ ಕರೆದುಕೊಳ್ಳುವ ಮನುಷ್ಯ. ಟರ್ನ್‌ಟೇಬಲ್ ಮುಂದೆ ನಿಂತವಳು ಡಿಜೆ ಪ್ಯಾಮ್ ದ ಫಂಕ್‌ಸ್ಟ್ರೆಸ್.

ಈ ಆಲ್ಬಂಗೆ ಎರಡು ಬಗೆಯ ಮರ್ಯಾದೆ ಸಿಕ್ಕಿತು. ಮೊದಲನೆಯದು ಬೈಗುಳ. ಮಿಷೆಲ್ ಮಾಲ್ಕಿನ್ ಎಂಬ ಬಲಪಂಥೀಯ ಅಂಕಣಕಾರ್ತಿ ಇದರಲ್ಲಿ ಕಂಡದ್ದು ಅಮೆರಿಕ ದ್ವೇಷವನ್ನು ಮಾತ್ರ. ಅವರಂತೆ ಬರೆದವರಿಗೆ, ಮಾತಾಡಿದವರಿಗೆ ಕೊರತೆಯಿರಲಿಲ್ಲ. ಎರಡನೆಯದು ಹೊಗಳಿಕೆ. ನ್ಯೂಯಾರ್ಕಿನ ‘ವಿಲೇಜ್ ವಾಯ್ಸ್’ ಪತ್ರಿಕೆ ವರ್ಷ ವರ್ಷ ಅಮೆರಿಕದ ಸಂಗೀತ ವಿಮರ್ಶಕರಿಂದ ಮತ ಹಾಕಿಸಿ ಒಂದು ಪಟ್ಟಿ ಪ್ರಕಟಿಸುತ್ತಿತ್ತು. 2001ರ ಪಟ್ಟಿಯಲ್ಲಿ ‘ಪಾರ್ಟಿ ಮ್ಯೂಸಿಕ್’ ಮೊದಲ ಹತ್ತರೊಳಗೆ ಬಂತು. ಒಂದು ಸಣ್ಣ ಕಂಪನಿಯ ಭೂಗತ ರ‍್ಯಾಪ್ ತಂಡಕ್ಕೆ ಇದಕ್ಕಿಂತ ಹೆಚ್ಚಿನ ಮನ್ನಣೆ ಇನ್ನೇನು ಬೇಕು ಎಂದು ನೀವು ಕೇಳಬಹುದು.

ಬೈದವರ ಮೇಲೆ ನನಗೆ ಅಂಥ ಸಿಟ್ಟೇನೂ ಇಲ್ಲ. ಈ ಹಾಡುಗಳಿಂದ ತಮ್ಮ ಲೋಕಕ್ಕೆ ಅಪಾಯವಿದೆ ಎಂಬುದನ್ನಾದರೂ ಅವರು ನಂಬಿದ್ದರು. ನನ್ನ ಸಿಟ್ಟೆಲ್ಲ ಹೊಗಳಿದವರ ಮೇಲೆ. ಅವರ ಬರಹಗಳ ಧಾಟಿ ನೋಡಿ: ತಾಳ ಕುಣಿಸುತ್ತದೆ, ಬೇಸ್ ಎದೆಗೆ ಗುದ್ದುತ್ತದೆ, ಹಾಸ್ಯ ಹರಿತವಾಗಿದೆ, ರಾಜಕೀಯ ಇದ್ದರೂ ಬೋಧನೆ ಅನ್ನಿಸುವುದಿಲ್ಲ. ರಾಜಕೀಯ ‘ಇದ್ದರೂ’! ರಾಜಕೀಯ ಅನ್ನುವುದು ಊಟದಲ್ಲಿ ಸಿಕ್ಕ ಕಲ್ಲು, ಅಡುಗೆಯವನ ಕೈರುಚಿ ಚೆನ್ನಾಗಿದ್ದುದರಿಂದ ಕ್ಷಮಿಸಿದ್ದೇವೆ ಎಂಬಂತೆ. ಬಸವಣ್ಣ ಹೊಗಳಿಕೆಯನ್ನು ಹೊನ್ನಶೂಲ ಎಂದದ್ದು ತನ್ನವರು ಎನಿಸಿಕೊಂಡವರ ಬಗ್ಗೆ, ಶತ್ರುಗಳ ಬಗ್ಗೆ ಅಲ್ಲ ಎಂಬುದು ನೆನಪಿರಲಿ.

ಈ ಹಾಡುಗಳು ಯಾವ ಮಣ್ಣಿನಿಂದ ಎದ್ದವು ಎಂಬುದನ್ನು ಹೇಳದೆ ಅವುಗಳ ‘ಗುಣಮಟ್ಟ’ದ ಮಾತೆತ್ತುವುದು ಮೋಸ. ಓಕ್ಲೆಂಡ್ ಬಂದರು ಊರು. ಸಾನ್ ಫ್ರಾನ್ಸಿಸ್ಕೊದ ಎದುರು ದಡದಲ್ಲಿದೆ. ಎರಡನೇ ಮಹಾಯುದ್ಧದ ಕಾಲದಲ್ಲಿ ಹಡಗು ಕಟ್ಟುವ ಕೆಲಸ ಹುಡುಕಿಕೊಂಡು ದಕ್ಷಿಣದ ರಾಜ್ಯಗಳಿಂದ ಕಪ್ಪು ಜನ ಸಾವಿರಾರು ಸಂಖ್ಯೆಯಲ್ಲಿ ಇಲ್ಲಿಗೆ ಬಂದರು. ಯುದ್ಧ ಮುಗಿದ ಮೇಲೆ ಕೆಲಸ ಹೋಯಿತು, ಜನ ಉಳಿದರು, ಪೊಲೀಸರ ಲಾಠಿ ಬಂತು. 1966ರ ಅಕ್ಟೋಬರ್‌ನಲ್ಲಿ ಹ್ಯೂಯಿ ನ್ಯೂಟನ್ ಮತ್ತು ಬಾಬಿ ಸೀಲ್ ಬ್ಲ್ಯಾಕ್ ಪ್ಯಾಂಥರ್ ಪಕ್ಷ ಕಟ್ಟಿದ್ದು ಈ ಊರಿನಲ್ಲೇ. ಪ್ಯಾಂಥರ್ ಅಂದರೆ ಕೋವಿ, ಚರ್ಮದ ಕೋಟು, ಓರೆ ಟೋಪಿ ಎಂದು ಫೋಟೊಗಳು ನಮಗೆ ಕಲಿಸಿವೆ. 1969ರ ಜನವರಿಯಲ್ಲಿ ಅದೇ ಪಕ್ಷ ಓಕ್ಲೆಂಡಿನ ಒಂದು ಚರ್ಚಿನಲ್ಲಿ ಶಾಲಾ ಮಕ್ಕಳಿಗೆ ಬೆಳಗಿನ ಉಪಾಹಾರ ಹಾಕಲು ಶುರುಮಾಡಿತು. ಎಫ್‌ಬಿಐ ಮುಖ್ಯಸ್ಥ ಎಡ್ಗರ್ ಹೂವರ್ ಪಕ್ಷವನ್ನು ಮುಗಿಸುವ ತನ್ನ ಯೋಜನೆಗೆ ಅತಿ ದೊಡ್ಡ ಅಪಾಯವೆಂದು ಗುರುತಿಸಿದ್ದು ಈ ತಿಂಡಿಯ ತಟ್ಟೆಯನ್ನು. ಬಂದೂಕಿಗೆ ಬಂದೂಕಿನಿಂದ ಉತ್ತರ ಕೊಡಬಹುದು. ಹಸಿದ ಮಗುವಿಗೆ ಅನ್ನ ಹಾಕಿದವರಿಗೆ ಸರ್ಕಾರ ಏನೆಂದು ಉತ್ತರ ಕೊಡುತ್ತದೆ?

ಆ ಪ್ಯಾಂಥರ್‌ನ ಹೆಸರು ಕಡಲು ದಾಟಿ ಬಂತು. 1972ರಲ್ಲಿ ಮುಂಬಯಿಯಲ್ಲಿ ನಾಮದೇವ ಢಸಾಳ, ಜೆ.ವಿ. ಪವಾರ್, ರಾಜಾ ಢಾಲೆ ಅದೇ ಹೆಸರಿಟ್ಟು ದಲಿತ ಪ್ಯಾಂಥರ್ಸ್ ಕಟ್ಟಿದರು. ಅದೇ ದಶಕದಲ್ಲಿ ಇಲ್ಲಿ ಭದ್ರಾವತಿಯ ಬಿ. ಕೃಷ್ಣಪ್ಪನವರ ಮುಂದಾಳ್ತನದಲ್ಲಿ ದಲಿತ ಸಂಘರ್ಷ ಸಮಿತಿ ಎದ್ದಿತು. ಅಂಬೇಡ್ಕರ್ ಬೇರು ನಮ್ಮದು, ನಿಜ. ಆದರೆ ಓಕ್ಲೆಂಡಿನ ಗಾಳಿಯೂ ಈ ಕಡೆ ಬೀಸಿತ್ತು. ಆದ್ದರಿಂದ ಯಾವುದೋ ದೇಶದ ಯಾವುದೋ ರ‍್ಯಾಪಿನ ಗೊಡವೆ ನಮಗೇಕೆ ಎಂದು ಕೇಳುವವರಿಗೆ ನನ್ನ ಉತ್ತರ ಇಷ್ಟೇ: ಆ ಊರಿನ ಜೊತೆ ನಮಗೆ ಹಳೆಯ ನಂಟಿದೆ.

ಬೂಟ್ಸ್ ರೈಲಿ ಹುಟ್ಟಿದ್ದು 1971ರಲ್ಲಿ. ಹದಿಹರೆಯದಲ್ಲೇ ಎಡಪಂಥೀಯ ಸಂಘಟನೆಗೆ ಸೇರಿದವನು. ತಾನೇಕೆ ಹಾಡುಗಾರನಾದೆ ಎಂಬುದಕ್ಕೆ ಆತ ಹೇಳುವ ಪ್ರಸಂಗವೊಂದಿದೆ. ಸಾನ್ ಫ್ರಾನ್ಸಿಸ್ಕೊದ ಬಡವರ ವಸತಿ ಕಟ್ಟಡಗಳ ಅಂಗಳದಲ್ಲಿ ಪೊಲೀಸರು ಪುಟ್ಟ ಮಕ್ಕಳನ್ನೂ ಅವರ ತಾಯಿಯನ್ನೂ ಹೊಡೆಯುತ್ತಿದ್ದರು. ಸುತ್ತಲಿನ ಮನೆಗಳಿಂದ ಜನ ಹೊರಬಂದರು. ಪೊಲೀಸರು ಗಾಳಿಯಲ್ಲಿ ಗುಂಡು ಹಾರಿಸಿದಾಗ ಚದುರಿದರು. ಅಷ್ಟರಲ್ಲಿ ಯಾರೋ 1989ರ ಬೇಸಗೆಯಲ್ಲಿ ಎಲ್ಲೆಲ್ಲೂ ಕೇಳುತ್ತಿದ್ದ ಪಬ್ಲಿಕ್ ಎನಿಮಿ ತಂಡದ ಹಾಡಿನ ಪಲ್ಲವಿ ಕೂಗಿದರು. ಚದುರಿದ್ದ ಜನ ಅದನ್ನೇ ಒಕ್ಕೊರಲಿನಿಂದ ಕೂಗುತ್ತ ತಿರುಗಿ ನಿಂತರು, ಪೊಲೀಸರು ಕಾಲ್ಕಿತ್ತರು. ಇದು ರೈಲಿ ಕೇಳಿ ತಿಳಿದು ಹೇಳಿದ ಕತೆ. ಸ್ವಲ್ಪ ಬಣ್ಣ ಹತ್ತಿದ್ದರೆ ಹತ್ತಿರಲಿ. ಹಾಡನ್ನು ಆತ ಯಾತಕ್ಕೆ ಬೇಕಾದದ್ದು ಎಂದು ಬಗೆದನೆಂಬುದು ಅದರಿಂದ ತಿಳಿಯುತ್ತದೆ. ಓಡುತ್ತಿದ್ದವರನ್ನು ತಿರುಗಿ ನಿಲ್ಲಿಸುವುದಕ್ಕೆ!

‘ದ ಕೂ’ ಹುಟ್ಟಿದ್ದು 1991ರಲ್ಲಿ. ಮೊದಲ ಆಲ್ಬಂ 1993ರಲ್ಲಿ, ಎರಡನೆಯದು ಮರುವರ್ಷ. ಅಷ್ಟರಲ್ಲಿ ಕಂಪನಿ ಕುಸಿಯಿತು, ಜೊತೆಗಾರ ಇ-ರಾಕ್ ತಂಡ ಬಿಟ್ಟ. ಬೂಟ್ಸ್ ಹೊಟ್ಟೆಪಾಡಿಗೆ ಫೋನಿನಲ್ಲಿ ಸರಕು ಮಾರುವ ಕೆಲಸ ಹಿಡಿದ. 1998ರಲ್ಲಿ ಮೂರನೆಯ ಆಲ್ಬಂ ಬಂತು. 2000ದಲ್ಲಿ ಕ್ಯಾಲಿಫೋರ್ನಿಯಾದಲ್ಲಿ ‘ಪ್ರೊಪೊಸಿಷನ್ 21’ ಎಂಬುದು ಜನಮತಕ್ಕೆ ಬಂತು: ಹದಿನಾಲ್ಕು ವರ್ಷದ ಹುಡುಗರನ್ನೂ ಕೆಲವು ಅಪರಾಧಗಳಿಗೆ ದೊಡ್ಡವರಂತೆ ವಿಚಾರಣೆಗೆ ಎಳೆಯುವ ಕಾನೂನು. ಬೂಟ್ಸ್ ಮತ್ತು ಗೆಳೆಯರು ತೆರೆದ ಟ್ರಕ್ಕಿನ ಮೇಲೆ ಸ್ಪೀಕರ್ ಹೇರಿಕೊಂಡು ಓಕ್ಲೆಂಡಿನ ಕೇರಿ ಕೇರಿ ಸುತ್ತಿ ಅದರ ವಿರುದ್ಧ ಹಾಡಿದರು. ಕಾನೂನು ಆ ಮಾರ್ಚ್‌ನಲ್ಲಿ ಪಾಸಾಯಿತು. ‘ಪಾರ್ಟಿ ಮ್ಯೂಸಿಕ್’ ಆ ಸೋಲಿನ ಮರುವರ್ಷದ ಆಲ್ಬಂ. ಇದನ್ನು ಕೇಳುವಾಗ ಈ ಸೋಲು ಕಿವಿಯಲ್ಲಿರಬೇಕು. ಗೆದ್ದವರ ಉತ್ಸಾಹ ಇದರಲ್ಲಿಲ್ಲ, ಸೋತ ಮೇಲೂ ಕುಣಿಯುವ ಮೊಂಡುತನ ಇದೆ.

ಹಾಡುಗಳಿಗೆ ಬರುತ್ತೇನೆ. ಹೆಚ್ಚು ಗದ್ದಲಕ್ಕೆ ಕಾರಣವಾದದ್ದು ಕಂಪನಿಗಳ ದೊಡ್ಡ ಧಣಿಗಳನ್ನು ಐವತ್ತು ಲಕ್ಷ ಬಗೆಯಲ್ಲಿ ಮುಗಿಸುವ ಹಾಡು. ಹೆಸರು ಕೇಳಿಯೇ ಸಭ್ಯರು ಬೆಚ್ಚಿದರು. ಹಾಡಿನಲ್ಲಿ ಇರುವುದು ಕೊಲೆಯ ಪಾಠವಲ್ಲ. ಧಣಿಯ ದುರಾಸೆಯನ್ನೇ ಅವನಿಗೆ ಗಾಳವಾಗಿ ಒಡ್ಡುವ ಒಂದರ ಮೇಲೊಂದು ಕುಚೋದ್ಯ. ನಾಲ್ಕು ಕಾಸಿನ ಲಾಭ ತೋರಿಸಿದರೆ ಈತ ಎಲ್ಲಿಗೆ ಬೇಕಾದರೂ ಹಾರುತ್ತಾನೆ, ಅವನನ್ನು ತಳ್ಳುವವರು ಬೇಕಾಗಿಲ್ಲ ಎಂಬ ನಗೆ. ನಮ್ಮ ಹಳ್ಳಿಗಳ ಲಾವಣಿಯವರು ಜಿಪುಣ ಸಾಹುಕಾರನನ್ನು ಗೋಳುಹೊಯ್ದುಕೊಳ್ಳುವುದು ಇದೇ ಧಾಟಿಯಲ್ಲಿ. ಬಂಡವಾಳ ಹೇಗೆ ಊರಿಂದೂರಿಗೆ, ದೇಶದಿಂದ ದೇಶಕ್ಕೆ ಅಗ್ಗದ ಕೂಲಿ ಹುಡುಕಿಕೊಂಡು ಓಡುತ್ತದೆ ಎಂಬ ಅರ್ಥಶಾಸ್ತ್ರವೂ ಆ ತಮಾಷೆಯ ಹಿಂದೆ ಇದೆ. ಅದರ ಬಗ್ಗೆ ಎಷ್ಟು ಜನ ಬರೆದರು? ನಕ್ಕರು, ಬುದ್ಧಿವಂತ ಹಾಡು ಎಂದರು, ಮುಂದಿನ ಆಲ್ಬಂಗೆ ಹೋದರು.

ಮಗಳಿಗೆ ಹಾಡಿದ ಹಾಡೊಂದಿದೆ. ಒಗೆದ ಒಳಬಟ್ಟೆ ಹಾಕಿಕೋ ಎಂಬ ಅಜ್ಜಿಯರ ಬುದ್ಧಿಮಾತಿನಿಂದ ಶುರುವಾಗಿ ಈ ಲೋಕ ನಿನ್ನನ್ನು ಹೇಗೆ ನಡೆಸಿಕೊಳ್ಳುತ್ತದೆ, ನೀನು ಹೇಗೆ ತಲೆಯೆತ್ತಿ ನಿಲ್ಲಬೇಕು ಎಂಬಲ್ಲಿಗೆ ಬೆಳೆಯುತ್ತದೆ. ಎದೆ ತುಂಬುವ ಹಾಡು, ಆದರೂ ಸ್ವಲ್ಪ ಸಲೀಸಾಗಿದೆ ಅನ್ನಿಸುತ್ತದೆ ನನಗೆ. ಮಗಳ ಮೇಲಿನ ಅಪ್ಪನ ಅಕ್ಕರೆಯನ್ನು ಯಾರು ವಿರೋಧಿಸುತ್ತಾರೆ? ಇದಕ್ಕಿಂತ ಕಷ್ಟದ ಹಾಡು ‘ನೌವಲೇಟರ್ಸ್’. ಇನ್ನೂ ಮೀಸೆ ಮೂಡದ ಹುಡುಗನೊಬ್ಬನಿಗೆ ಹುಡುಗಿ ಬಸುರಿ ಎಂಬ ಸುದ್ದಿ ಬರುತ್ತದೆ, ಮಗು ತನ್ನದಲ್ಲ ಎಂದು ಆಮೇಲೆ ತಿಳಿಯುತ್ತದೆ. ಹಿಪ್ ಹಾಪ್‌ನ ಯಾವ ಗಂಡು ಹಾಡುಗಾರನಾದರೂ ಇಲ್ಲಿ ಆ ಹುಡುಗಿಗೆ ಹೊಲಸು ಬೈಗುಳ ಸುರಿಯುತ್ತಿದ್ದ. ಬೂಟ್ಸ್ ಅವಳ ಹೆದರಿಕೆಯನ್ನು ನೋಡುತ್ತಾನೆ, ಹದಿಹರೆಯದ ಬಡ ಹುಡುಗಿಗೆ ಬೇರೆ ದಾರಿ ಏನಿತ್ತು ಎಂದು ಯೋಚಿಸುತ್ತಾನೆ, ತನ್ನನ್ನು ಬಿಟ್ಟುಕೊಟ್ಟಿದ್ದಕ್ಕೆ ಅವಳಿಗೆ ಕೃತಜ್ಞತೆ ಹೇಳುತ್ತಾನೆ. ಆಲ್ಬಂನ ಅತ್ಯುತ್ತಮ ಹಾಡು ಇದೇ ಎಂಬುದು ನನ್ನ ತೀರ್ಮಾನ. ಇದರಲ್ಲಿ ಒಂದು ಘೋಷಣೆಯೂ ಇಲ್ಲ. ಘೋಷಣೆ ಕೂಗುವವರಿಗೆ ಮನುಷ್ಯರು ಕಾಣುವುದಿಲ್ಲ ಎಂದು ತಲೆತಲಾಂತರದಿಂದ ಪಾಠ ಹೇಳುತ್ತ ಬಂದ ಪಂಡಿತರು ಈ ಹಾಡನ್ನು ಕೂತು ಕೇಳಲಿ.

ಪಾದ್ರಿಗಳು ತೋರಿಸುವ ಸ್ವರ್ಗದ ಬಗ್ಗೆಯೂ ಒಂದು ಹಾಡಿದೆ. ಹೊಟ್ಟೆ ಹಸಿದವರಿಗೆ ಅದು ಈ ರಾತ್ರಿ, ಈ ನೆಲದಲ್ಲೇ ಬೇಕು ಎನ್ನುತ್ತದೆ. ಸ್ವರ್ಗ ನರಕಗಳನ್ನು ಮೇಲಿನಿಂದ ಎಳೆದು ಕೆಳಗಿಳಿಸಿದ ಹನ್ನೆರಡನೇ ಶತಮಾನದ ವಚನಕಾರರ ಮಕ್ಕಳಾದ ನಮಗೆ ಇದು ಹೊಸ ಮಾತೇನಲ್ಲ. ಪೊಲೀಸರ ಮೇಲಿನ ಹಾಡು ಸಾಧಾರಣ. ‘ಡೆಡ್ ಪ್ರೆಜ್’ ತಂಡದ ಜೊತೆ ಸೇರಿ ಹಾಡಿದ್ದು ಅದಕ್ಕಿಂತ ವಾಸಿ.

ಇವೆಲ್ಲವನ್ನೂ ಹೊತ್ತು ನಡೆಯುವುದು ಫಂಕ್ ಸಂಗೀತ. ಅರವತ್ತು ಎಪ್ಪತ್ತರ ದಶಕದಲ್ಲಿ ಸಾನ್ ಫ್ರಾನ್ಸಿಸ್ಕೊ ಕೊಲ್ಲಿಯ ಸುತ್ತ ಬೆಳೆದದ್ದು. ಉರುಳುವ ಬೇಸ್, ಕಚಗುಳಿಯಿಡುವ ಗಿಟಾರ್, ಹಿಂದೆ ಕೋರಸ್. ಅದರ ನಡುವೆ ಪ್ಯಾಮ್ ತಟ್ಟೆ ಉಜ್ಜಿ ಎಬ್ಬಿಸುವ ಸದ್ದು. ವಿಮರ್ಶಕರು ಬೂಟ್ಸ್‌ನ ಮಾತು ಅಳೆದು ಸುರಿದು ಬರೆದರು, ಪ್ಯಾಮ್ ಬಗ್ಗೆ ಬರೆದದ್ದು ತೀರಾ ಕಡಿಮೆ. ಗಂಡಸರೇ ತುಂಬಿದ್ದ ಡಿಜೆ ಪಂದ್ಯಗಳಲ್ಲಿ ಸೆಣಸಿ ಹೆಸರು ಮಾಡಿದ ಹೆಂಗಸು ಅವಳು. ಸಂಗೀತದಿಂದ ಹೊಟ್ಟೆ ತುಂಬದೆ ಅಡುಗೆ ಕಂಟ್ರಾಕ್ಟ್ ಕೂಡ ಮಾಡುತ್ತಿದ್ದಳು. ಕೊನೆಗಾಲದಲ್ಲಿ ಪ್ರಿನ್ಸ್‌ನಂಥ ಮಹಾ ಸಂಗೀತಗಾರ ಅವಳನ್ನು ಕರೆಸಿ ತನ್ನ ಕಾರ್ಯಕ್ರಮಗಳಲ್ಲಿ ನಿಲ್ಲಿಸಿಕೊಂಡ. 2017ರ ಡಿಸೆಂಬರ್‌ನಲ್ಲಿ ತೀರಿಕೊಂಡಳು. ಕಾರ್ಮಿಕರ ಪರವಾದ ಆಲ್ಬಂ ಅಂತೆ, ಆ ಆಲ್ಬಂನೊಳಗೆ ದುಡಿದವಳ ಶ್ರಮ ಮಾತ್ರ ವಿಮರ್ಶೆಯ ಲೆಕ್ಕಕ್ಕೆ ಸಿಗಲಿಲ್ಲ.

ಆ ವರ್ಷದ ಅಮೆರಿಕ ಹೇಗಿತ್ತು ಎಂಬುದನ್ನೂ ಹೇಳಬೇಕು. ಸೆಪ್ಟೆಂಬರ್ 14ರಂದು ಅಧ್ಯಕ್ಷನಿಗೆ ಯುದ್ಧದ ಅಧಿಕಾರ ಕೊಡುವ ಠರಾವು ಕೆಳಮನೆಗೆ ಬಂತು. ಪರವಾಗಿ 420 ಮತ, ವಿರುದ್ಧ ಒಂದು. ಆ ಒಂದು ಮತ ಬಾರ್ಬರಾ ಲೀ ಅವರದು, ಅವರು ಆಗ ಓಕ್ಲೆಂಡಿನ ಪ್ರತಿನಿಧಿಯಾಗಿದ್ದರು. ಅವರಿಗೆ ಕೊಲೆ ಬೆದರಿಕೆಗಳು ಬಂದವು. ಅಮೆರಿಕದಾದ್ಯಂತ ನೂರಾರು ರೇಡಿಯೊ ಕೇಂದ್ರಗಳ ಒಡೆತನವಿದ್ದ ಕ್ಲಿಯರ್ ಚಾನೆಲ್ ಕಂಪನಿಯೊಳಗೆ ಈಗ ಹಾಕಬಾರದ ಹಾಡುಗಳ ಪಟ್ಟಿಯೊಂದು ಓಡಾಡಿತು. ಅದರಲ್ಲಿ ‘ರೇಜ್ ಅಗೇನ್ಸ್ಟ್ ದ ಮಷೀನ್’ ತಂಡದ ಹೆಸರಿನ ಮುಂದೆ ಎಲ್ಲ ಹಾಡುಗಳೂ ಎಂದು ಬರೆದಿತ್ತು. ಅದೇ ಸೆಪ್ಟೆಂಬರ್ 11ರಂದೇ ಜೇ-ಝೀಯ ‘ದ ಬ್ಲೂಪ್ರಿಂಟ್’ ಬಿಡುಗಡೆಯಾಗಿತ್ತು. ಅಂಥ ವಾರದಲ್ಲೂ ನಾಲ್ಕು ಲಕ್ಷಕ್ಕೂ ಹೆಚ್ಚು ಪ್ರತಿ ಹೋದವು. ಒಳ್ಳೆಯ ಆಲ್ಬಂ ಅದು, ನಾನು ಅಲ್ಲಗಳೆಯುವುದಿಲ್ಲ. ಬಡತನದಿಂದ ಎದ್ದು ದುಡ್ಡು ಮಾಡಿದೆ ಎಂದು ಹಾಡಿದರೆ ರೇಡಿಯೊದ ಬಾಗಿಲು ತೆರೆಯುತ್ತದೆ. ಬಡತನ ಯಾರು ಮಾಡಿದ್ದು ಎಂದು ಹಾಡಿದರೆ ಮುಚ್ಚುತ್ತದೆ.

ಈ ಬಾಗಿಲು 2001ರಲ್ಲಿ ಹೊಸದಾಗಿ ಮುಚ್ಚಿದ್ದಲ್ಲ. 1992ರಲ್ಲಿ ಐಸ್-ಟೀ ಪೊಲೀಸರ ವಿರುದ್ಧದ ಹಾಡನ್ನು ವಾಪಸು ಪಡೆಯಬೇಕಾಯಿತು. ಅದೇ ವರ್ಷ ಬೂಟ್ಸ್‌ನ ಕೊಲ್ಲಿಯವನೇ ಆದ ಪ್ಯಾರಿಸ್ ಎಂಬ ರ‍್ಯಾಪರ್ ಅಧ್ಯಕ್ಷ ಬುಷ್ ವಿರುದ್ಧ ಹಾಡಿದಾಗ ಕಂಪನಿ ಅವನ ಕೈಬಿಟ್ಟಿತು, ಆತ ತಾನೇ ಆಲ್ಬಂ ತಂದುಕೊಂಡ. ‘ಪಾರ್ಟಿ ಮ್ಯೂಸಿಕ್’ ತಂದ 75 ಆರ್ಕ್ ಕಂಪನಿಯೂ ಬೇಗನೆ ಬಾಗಿಲು ಹಾಕಿತು. ವಿಮರ್ಶಕರ ಪಟ್ಟಿಯ ಮೊದಲ ಹತ್ತರಲ್ಲಿದ್ದ ಆಲ್ಬಂ ಅಂಗಡಿಯಲ್ಲಿ ಸಿಗದಂತಾಯಿತು. ಕೆಲವು ವರ್ಷಗಳ ನಂತರ ಇನ್ನೊಂದು ಕಂಪನಿ ಮರುಮುದ್ರಿಸುವ ತನಕ ಅದರ ಗತಿ ಅದೇ. ಹೊಗಳಿದವರಲ್ಲಿ ಒಬ್ಬರಿಗೂ ಇದು ಅನ್ಯಾಯ ಎನ್ನಿಸಿದಂತೆ ಕಾಣಲಿಲ್ಲ. ತಾವು ಪಟ್ಟಿಗೆ ಸೇರಿಸಿದ್ದಾಯಿತಲ್ಲ!

ಬೆಂಗಳೂರಿನಲ್ಲಿ ಇರುವವರಿಗೆ ಈ ವ್ಯವಸ್ಥೆ ಬೇಗ ಅರ್ಥವಾದೀತು. ಹಳೆಯ ಸೆಂಟ್ರಲ್ ಜೈಲನ್ನು ಫ್ರೀಡಂ ಪಾರ್ಕ್ ಮಾಡಿದರು. ಆಮೇಲೆ, ಪ್ರತಿಭಟನೆ ಮಾಡುವವರೆಲ್ಲ ಅಲ್ಲೇ ಮಾಡಬೇಕು, ರಸ್ತೆಗೆ ಬರಬಾರದು ಎಂದು 2021ರಲ್ಲಿ ಪೊಲೀಸ್ ಆದೇಶ ಬಂತು. ಕೂಗಿ, ಹಾಡಿ, ಉಪವಾಸ ಮಾಡಿ, ಯಾರೂ ಬೇಡ ಅನ್ನುವುದಿಲ್ಲ, ಗೋಡೆಯೊಳಗೆ ಇರಿ. ವಿಮರ್ಶೆ ಬಂಡಾಯದ ಹಾಡಿಗೆ ಕಟ್ಟಿಕೊಡುವುದು ಇಂಥದೇ ಒಂದು ಪಾರ್ಕು. ‘ರಾಜಕೀಯ ರ‍್ಯಾಪ್’ ಎಂಬ ಬೋರ್ಡು ಹಾಕಿ ಒಳಗೆ ಬಿಡುತ್ತದೆ. ಅಲ್ಲಿ ನಾಲ್ಕು ನಕ್ಷತ್ರ, ಐದು ನಕ್ಷತ್ರ, ವರ್ಷದ ಶ್ರೇಷ್ಠ ಎಲ್ಲವೂ ಸಿಗುತ್ತದೆ. ರಸ್ತೆ ಒಂದು ಸಿಗುವುದಿಲ್ಲ.

ನಮ್ಮ ಮನೆಯ ಲೆಕ್ಕವನ್ನೂ ತೆಗೆಯೋಣ. 1973ರ ನವೆಂಬರ್‌ನಲ್ಲಿ ಮೈಸೂರಿನಲ್ಲಿ ಆಗಿನ ಮಂತ್ರಿ ಬಿ. ಬಸವಲಿಂಗಪ್ಪ ಕನ್ನಡ ಸಾಹಿತ್ಯದ ಬಗ್ಗೆ ಮಾಡಿದ ಭಾಷಣದಿಂದ ಎತ್ತಿಕೊಂಡದ್ದು ‘ಬೂಸಾ’ ಎಂಬ ಒಂದು ಪದ. ಅವರು ಯಾವ ಸಾಹಿತ್ಯ, ಯಾರ ಸಾಹಿತ್ಯ, ಯಾರನ್ನು ಹೊರಗಿಟ್ಟ ಸಾಹಿತ್ಯ ಎಂದು ಕೇಳಿದ್ದರೋ ಆ ಪ್ರಶ್ನೆಗೆ ಉತ್ತರಿಸುವವರೇ ಇರಲಿಲ್ಲ. ಮಂತ್ರಿಗಿರಿ ಹೋಯಿತು, ದಲಿತ ವಿದ್ಯಾರ್ಥಿಗಳ ಮೇಲೆ ಕೈ ಬಿತ್ತು. ಮುಖಪುಟ ನೋಡಿ ಆಲ್ಬಂ ಸುಡುವ ವಿದ್ಯೆ ನಮಗೂ ಬರುತ್ತದೆ. 1979ರಲ್ಲಿ ಧರ್ಮಸ್ಥಳದ ಸಾಹಿತ್ಯ ಸಮ್ಮೇಳನದಲ್ಲಿ ದಲಿತ ಸಾಹಿತ್ಯಕ್ಕೊಂದು ಗೋಷ್ಠಿ ಕೊಡಿ ಎಂದಾಗ ಸಾಹಿತ್ಯದಲ್ಲಿ ದಲಿತ, ಬಲಿತ ಎಂದೆಲ್ಲ ಇಲ್ಲ ಎಂಬ ಧಾಟಿಯಲ್ಲಿ ಬಾಗಿಲು ಮುಚ್ಚಲಾಯಿತು. ಆ ಬಾಗಿಲ ಹೊರಗೆ ಹುಟ್ಟಿದ್ದು ಬಂಡಾಯ ಸಾಹಿತ್ಯ ಸಂಘಟನೆ. ಇವತ್ತು ಬಂಡಾಯ ಸಾಹಿತ್ಯ ಎಂಬುದು ವಿಶ್ವವಿದ್ಯಾಲಯದ ಪ್ರಶ್ನೆಪತ್ರಿಕೆಯಲ್ಲಿ ಹತ್ತು ಅಂಕದ ಟಿಪ್ಪಣಿ.

ಸಿದ್ಧಲಿಂಗಯ್ಯನವರ ‘ಹೊಲೆಮಾದಿಗರ ಹಾಡು’ 1975ರಲ್ಲಿ ಬಂತು. ಮೆರವಣಿಗೆಗಳಲ್ಲಿ, ತಮಟೆಯ ಜೊತೆ, ಓದು ಬಾರದವರ ಬಾಯಲ್ಲಿ ಆ ಹಾಡುಗಳು ಬದುಕಿದವು. ಇದು ಕಾವ್ಯವೋ ಘೋಷಣೆಯೋ ಎಂದು ಪಂಡಿತರು ವರ್ಷಗಟ್ಟಲೆ ತಕ್ಕಡಿ ಹಿಡಿದು ಕೂತರು. ಕೊನೆಗೆ ಕಾವ್ಯವೇ ಹೌದು ಎಂದು ಒಪ್ಪಿದರು, ಪ್ರಶಸ್ತಿಗಳು ಬಂದವು, 2022ರಲ್ಲಿ ಮರಣೋತ್ತರ ಪದ್ಮಶ್ರೀಯೂ ಬಂತು. ಹಾಡು ಕೇಳಿದ ಭೂಮಿ ಬಂತೇ? ನೆರೆಯ ತೆಲಂಗಾಣದಲ್ಲಿ ಹಾಡುಗಾರ ಗದ್ದರ್ ಮೇಲೆ 1997ರಲ್ಲಿ ಗುಂಡು ಹಾರಿಸಿದರು. ಒಂದು ಗುಂಡು ಬೆನ್ನಿನಲ್ಲೇ ಉಳಿಯಿತು. 2023ರಲ್ಲಿ ಆತ ತೀರಿಕೊಂಡಾಗ ಸಕಲ ಸರ್ಕಾರಿ ಗೌರವದೊಂದಿಗೆ ಮಣ್ಣು ಮಾಡಿದರು. ಗುಂಡನ್ನೂ ಗೌರವವನ್ನೂ ಒಟ್ಟಿಗೇ ಹೊತ್ತುಕೊಂಡು ಹೋದ ಹಾಡುಗಾರ.

ಇನ್ನೂ ಇತ್ತೀಚಿನದು ಬೇಕೆ? 2021ರ ‘ಎಂಜಾಯ್ ಎಂಜಾಮಿ’. ಶ್ರೀಲಂಕಾದ ಟೀ ತೋಟಗಳಲ್ಲಿ ದುಡಿದ ತನ್ನ ಅಜ್ಜಿಯ, ಭೂಮಿಯಿಲ್ಲದ ತನ್ನ ಜನರ ಕತೆಯನ್ನು ತಮಿಳಿನ ದಲಿತ ರ‍್ಯಾಪರ್ ಅರಿವು ಬರೆದು ಹಾಡಿದ. ಕರ್ನಾಟಕದ ಮದುವೆ ಮನೆಗಳಲ್ಲೂ ಅದಕ್ಕೆ ಕುಣಿದರು. ಅದೇ ಆಗಸ್ಟ್‌ನಲ್ಲಿ ‘ರೋಲಿಂಗ್ ಸ್ಟೋನ್ ಇಂಡಿಯಾ’ ತನ್ನ ಮುಖಪುಟದಲ್ಲಿ ಆ ಹಾಡಿನ ಗಾಯಕಿ ಧೀಯನ್ನೂ ಇನ್ನೊಬ್ಬ ರ‍್ಯಾಪರನ್ನೂ ಹಾಕಿತು. ಬರೆದವನು ಇರಲಿಲ್ಲ. ಚಿತ್ರ ನಿರ್ದೇಶಕ ಪಾ. ರಂಜಿತ್ ಪ್ರಶ್ನೆ ಎತ್ತಿ, ಗಲಾಟೆಯಾದ ಮೇಲೆ ಅರಿವುಗೆ ಪ್ರತ್ಯೇಕ ಡಿಜಿಟಲ್ ಮುಖಪುಟ ಬಂತು. ನೋಡಿ, ಅಲ್ಲಿಯೂ ಪ್ರತ್ಯೇಕ ಪಂಕ್ತಿ.

ನನ್ನ ಮಾತಿಗೆ ಎದುರು ಮಾತು ಇದೆ, ಗೊತ್ತು. ವಿಮರ್ಶಕನ ಕೆಲಸ ಹಾಡು ಹೇಗಿದೆ ಎಂದು ಹೇಳುವುದು, ಅವನು ಪಕ್ಷದ ಕಾರ್ಯಕರ್ತನಲ್ಲ ಎನ್ನುತ್ತಾರೆ. ಕೆಟ್ಟ ಹಾಡಿನಲ್ಲಿ ಒಳ್ಳೆಯ ರಾಜಕೀಯ ಇದ್ದರೆ ಅದನ್ನೂ ತಲೆಯ ಮೇಲೆ ಹೊರಬೇಕೇ ಎಂದು ಕೇಳುತ್ತಾರೆ. ಬೇಡ. ಬಂಡಾಯದ ಹೆಸರಿನಲ್ಲಿ ಕನ್ನಡದಲ್ಲಿ ಎಷ್ಟು ಒಣ ಪದ್ಯ ಬಂದಿದೆ ಎಂಬುದು ಬಂಡಾಯದವರಿಗೇ ಚೆನ್ನಾಗಿ ಗೊತ್ತು. ಈ ಆಲ್ಬಂನಲ್ಲೂ ಸಪ್ಪೆ ಹಾಡು ಇದೆ ಎಂದು ಮೇಲೆಯೇ ಹೇಳಿದ್ದೇನೆ. ನನ್ನ ತಕರಾರು ಬೇರೆ. ಒಬ್ಬ ಹಾಡುಗಾರ ನಿಂತು ನಿರ್ದಿಷ್ಟ ಆರೋಪ ಮಾಡುತ್ತಿದ್ದಾನೆ: ನಿಮ್ಮ ಕಂಪನಿ ಹೀಗೆ ಕದಿಯುತ್ತದೆ, ನಿಮ್ಮ ಪೊಲೀಸರು ಹೀಗೆ ಕೊಲ್ಲುತ್ತಾರೆ, ನಿಮ್ಮ ಚರ್ಚು ಹೀಗೆ ಸುಮ್ಮನಿರಿಸುತ್ತದೆ. ಆರೋಪ ಸುಳ್ಳಾದರೆ ಸುಳ್ಳು ಎನ್ನಿ, ಜಗಳವಾಡಿ. ಮಾಲ್ಕಿನ್ ಅದನ್ನಾದರೂ ಮಾಡಿದರು. ಆರೋಪ ಕೇಳಿಸಿಕೊಂಡು, ಆಹಾ ಎಷ್ಟು ಚೆನ್ನಾಗಿ ಆರೋಪಿಸಿದ ಎಂದು ತಲೆದೂಗಿ ಮನೆಗೆ ಹೋಗುವುದು ಯಾವ ಸೀಮೆಯ ರಸಿಕತೆ?

ಬೂಟ್ಸ್ ರೈಲಿ ಅಲ್ಲಿಗೆ ನಿಲ್ಲಲಿಲ್ಲ. 2011ರಲ್ಲಿ ಓಕ್ಲೆಂಡಿನಲ್ಲಿ ಜನ ಬೀದಿಗಿಳಿದು, ನವೆಂಬರ್ 2ರಂದು ಸಾರ್ವತ್ರಿಕ ಮುಷ್ಕರಕ್ಕೆ ಕರೆಕೊಟ್ಟು ಬಂದರನ್ನು ನಿಲ್ಲಿಸಿದಾಗ ಆತ ಆ ಜನರ ನಡುವೆ ಇದ್ದ. 2018ರಲ್ಲಿ ಫೋನ್ ಮಾರಾಟದ ಹುಡುಗನ ಕತೆಯನ್ನು ಸಿನಿಮಾ ಮಾಡಿದ, ‘ಸಾರಿ ಟು ಬಾದರ್ ಯು’. ಅದರಲ್ಲಿ ಯೂನಿಯನ್ ಇದೆ, ಮುಷ್ಕರ ಇದೆ. ಮತ್ತೆ ಅದೇ ಹೊಗಳಿಕೆ: ವಿಚಿತ್ರ ಕಲ್ಪನೆ, ದಿಟ್ಟ ಶೈಲಿ. ಮುಂದೆ 2023ರಲ್ಲಿ ಆತ ಅಮೆಜಾನ್‌ಗಾಗಿ ಸರಣಿ ಮಾಡಿದ. ಗೋದಾಮಿನ ಕಾರ್ಮಿಕರು ಯೂನಿಯನ್ ಕಟ್ಟಲು ಹೊರಟರೆ ಹಲ್ಲು ಕಡಿಯುವ ಕಂಪನಿಯ ದುಡ್ಡಿನಲ್ಲಿ ಬಂಡವಾಳದ ವಿರುದ್ಧ ಕತೆ. ನನಗೆ ಇದು ಇಷ್ಟವಾಗಲಿಲ್ಲ. ಯಾವ ಕಂಪನಿ ಶುದ್ಧ ಎಂದು ಆತ ಕೇಳಬಹುದು, ಕೇಳಿದರೆ ನನ್ನಲ್ಲಿ ಉತ್ತರವಿಲ್ಲ. ಆದರೆ ಅಂಗಡಿಯವನು ನಮ್ಮ ಬಂಡಾಯವನ್ನು ಖುಷಿಯಿಂದ ಮಾರಲು ಒಪ್ಪಿದಾಗ ಅವನು ಯಾಕೆ ಒಪ್ಪಿದ ಎಂದು ಒಮ್ಮೆಯಾದರೂ ಯೋಚಿಸಬೇಕು.

ಕನ್ನಡದಲ್ಲೂ ಈಗ ರ‍್ಯಾಪ್ ಇದೆ. ಸಿನಿಮಾದ್ದು, ಪಬ್ಬಿನದ್ದು, ಕಾರು ಬ್ರಾಂಡಿನದ್ದು ಬೇಕಾದಷ್ಟಿದೆ. ಅದರ ಅಂಚಿನಲ್ಲಿ ಫೋನಿನಲ್ಲಿ ತಾಳ ಮಾಡಿಕೊಂಡು ತಮ್ಮ ಕೇರಿಯ, ತಮ್ಮ ಹಾಸ್ಟೆಲಿನ, ತಮ್ಮ ಅಪ್ಪನ ಗಾರೆ ಕೆಲಸದ ಮಾತು ಹಾಡುವ ಹುಡುಗರು ಹುಡುಗಿಯರು ಇದ್ದಾರೆ, ಇನ್ನೂ ಬರುತ್ತಾರೆ. 2022ರ ಜುಲೈನಲ್ಲಿ ಬೆಂಗಳೂರಿನ ಪೌರಕಾರ್ಮಿಕರು ಕೆಲಸ ಕಾಯಂ ಮಾಡಿ ಎಂದು ಪೊರಕೆ ಕೆಳಗಿಟ್ಟು ಮುಷ್ಕರಕ್ಕೆ ಕೂತರಲ್ಲ, ಅವರ ಮನೆಯ ಮಕ್ಕಳಲ್ಲಿ ಒಬ್ಬಳು ನಾಳೆ ಮೈಕ್ ಹಿಡಿಯಬಹುದು. ಅವಳ ಆಲ್ಬಂ ನಿಮ್ಮ ಮೇಜಿಗೆ ಬರುತ್ತದೆ.

ಕನ್ನಡದ ವಿಮರ್ಶಕರೇ, ಆಗ ನಿಮ್ಮಲ್ಲಿ ನನ್ನದೊಂದೇ ಕೋರಿಕೆ. ಅವಳ ಪ್ರಾಸ ಚೆನ್ನಾಗಿದೆ, ಭಾಷೆಯಲ್ಲಿ ನೆಲದ ಸೊಗಡಿದೆ ಎಂದು ಬರೆಯುವ ಮೊದಲು, ಅವಳು ಮಾಡಿದ ಆರೋಪ ನಿಜವೋ ಸುಳ್ಳೋ ಬರೆಯಿರಿ. ನಿಜವಾದರೆ ನೀವು ಯಾರ ಪಕ್ಕ ನಿಲ್ಲುತ್ತೀರಿ ಎಂಬುದನ್ನೂ ಬರೆಯಿರಿ. ಅಂಕ ಕೊಡುವುದನ್ನು ಆಮೇಲೆ ಇಟ್ಟುಕೊಳ್ಳಿ.